ಕರೆಂಟಿನ ಜೊತೆ ಬರುವ ಟೈಮು

2018ರ ಜನವರಿ ನಡುವಿನಲ್ಲಿ ಯುರೋಪಿನ ಅಡುಗೆಮನೆಗಳಲ್ಲಿ ಕಾಲ ಹಿಂದೆ ಬೀಳತೊಡಗಿತ್ತು. ಓವನ್ನಿನ ಮೇಲಿನ ಗಡಿಯಾರ, ಹಾಸಿಗೆ ಪಕ್ಕದ ಅಲಾರಾಂ ರೇಡಿಯೊ, ಹೀಟರಿನ ಟೈಮರ್, ಹೀಗೆ ಕರೆಂಟನ್ನೇ ನಂಬಿ ಓಡುವ ಗಡಿಯಾರಗಳೆಲ್ಲ ದಿನಕ್ಕೆ ಸುಮಾರು ಏಳು ಸೆಕೆಂಡು ತಡ. ಏಳು ಸೆಕೆಂಡನ್ನು ಯಾರು ಗಮನಿಸುತ್ತಾರೆ? ಮಾರ್ಚ್ ಮೊದಲ ವಾರಕ್ಕೆ ಅದು ಬೆಳೆದು ಆರು ನಿಮಿಷವಾಯಿತು. ಆರು ನಿಮಿಷವೆಂದರೆ ಬಸ್ಸು ತಪ್ಪುತ್ತದೆ. ಸ್ಪೇನಿನಿಂದ ಟರ್ಕಿಯವರೆಗೆ 25 ದೇಶಗಳಲ್ಲಿ ಗಡಿಯಾರಗಳು ತಪ್ಪಿದ್ದೂ ಒಂದೇ ಲೆಕ್ಕದಲ್ಲಿ! ಮೊಬೈಲು, ಕಂಪ್ಯೂಟರುಗಳಿಗೆ ಏನೂ ಆಗಿರಲಿಲ್ಲ. ಯಾರಾದರೂ ಗಡಿಯಾರವನ್ನು ರಿಪೇರಿಗೆ ಒಯ್ದಿದ್ದರೆ, ಬಿಚ್ಚಿ ನೋಡಿದವನು ಏನೂ ಕೆಟ್ಟಿಲ್ಲವೆಂದೇ ಹಿಂದಿರುಗಿಸಬೇಕಿತ್ತು. ಕೆಟ್ಟಿದ್ದು ಮನೆಯೊಳಗೆ ಇರಲಿಲ್ಲ.

ಊರಿಗೆ ಊರನ್ನೇ ಒಂದು ಕಾಲಕ್ಕೆ ಕಟ್ಟಿ ನಿಲ್ಲಿಸುವ ಯಂತ್ರ ವೈಜ್ಞಾನಿಕ ಕಥೆಗಳಲ್ಲಿ ಆಗಾಗ ಬರುತ್ತದೆ. ಅಲ್ಲಿ ಅದಕ್ಕೊಂದು ಗೋಪುರ, ತುದಿಯಲ್ಲೊಂದು ನೀಲಿ ಬೆಳಕು. ನಿಜವಾದದ್ದಕ್ಕೆ ಅಷ್ಟು ಬೆಡಗಿಲ್ಲ. ಕಂಬ, ತಂತಿ, ಟ್ರಾನ್ಸ್‌ಫಾರ್ಮರು, ತಿಂಗಳ ಕೊನೆಗೊಂದು ಬಿಲ್ಲು. ಅದು ವಿದ್ಯುತ್ ಗ್ರಿಡ್.

ಏಸಿ ಕರೆಂಟು ಒಂದೇ ದಿಕ್ಕಿಗೆ ಹರಿಯುವುದಿಲ್ಲ. ಸೆಕೆಂಡಿಗೆ 50 ಸಲ ಉಯ್ಯಾಲೆಯಂತೆ ಹೋಗಿ ಬರುತ್ತದೆ. ದಿನವೊಂದಕ್ಕೆ 43,20,000 ತೂಗು. ಆ ಓವನ್ ಗಡಿಯಾರಕ್ಕೆ ಸ್ವಂತದ ಲೋಲಕವಿಲ್ಲ, ಕ್ವಾರ್ಟ್ಸ್ ಹರಳೂ ಇಲ್ಲ. ಅದಕ್ಕೆ ಗೊತ್ತಿರುವುದು ಎಣಿಕೆ ಮಾತ್ರ. ಐವತ್ತು ಎಣಿಸಿದರೆ ಒಂದು ಸೆಕೆಂಡು ಮುಗಿಯಿತೆಂದು ಮುಳ್ಳನ್ನು ತಳ್ಳುತ್ತದೆ. ಉಯ್ಯಾಲೆ ನಿಧಾನವಾದರೆ ಅದರ ಪಾಲಿಗೆ ಸೆಕೆಂಡೇ ಉದ್ದವಾಯಿತು.

ಉಯ್ಯಾಲೆ ನಿಧಾನವಾಗುವುದೇಕೆ? ತೇರು ಎಳೆಯುವುದನ್ನು ನೆನೆಸಿಕೊಳ್ಳಿ. ನೂರಾರು ಜನ ಹಗ್ಗ ಹಿಡಿದಿದ್ದರೂ ಎಲ್ಲರ ನಡಿಗೆ ಒಂದೇ. ಹಿಂದೆ ನಾಲ್ಕು ಜನ ಕೈ ಸಡಿಲಿಸಿದರೆ ತೇರೇನೂ ನಿಲ್ಲುವುದಿಲ್ಲ, ಆದರೆ ಅದರ ಗತಿ ಕುಂದುತ್ತದೆ, ಮುಂದಿನವರ ಹೆಜ್ಜೆಯೂ ನಿಧಾನವಾಗುತ್ತದೆ. ಗ್ರಿಡ್ಡಿನ ಜನರೇಟರುಗಳೂ ಹೀಗೆಯೇ, ಸಾವಿರಾರು ಕಿಲೋಮೀಟರು ದೂರವಿದ್ದರೂ ಹೆಜ್ಜೆಗೆ ಹೆಜ್ಜೆ ಹಾಕಿ ತಿರುಗುತ್ತವೆ. ಬಳಸುವಷ್ಟು ವಿದ್ಯುತ್ತನ್ನು ಅದೇ ಕ್ಷಣದಲ್ಲಿ ಯಾರಾದರೂ ಉತ್ಪಾದಿಸುತ್ತಿರಬೇಕು. ಕಡಿಮೆ ಬಿದ್ದರೆ ಎಲ್ಲ ಜನರೇಟರುಗಳ ವೇಗವೂ ಒಟ್ಟಿಗೆ ಇಳಿಯುತ್ತದೆ.

ಆ ಚಳಿಗಾಲದಲ್ಲಿ ಕೈ ಸಡಿಲಿಸಿದ್ದು ಸರ್ಬಿಯಾ ಮತ್ತು ಕೊಸೊವೊ. ಕೊಸೊವೊದ ಉತ್ತರ ಭಾಗದಲ್ಲಿ ಬಳಕೆಯಾಗುವ ವಿದ್ಯುತ್ತಿಗೆ ಹಣ ಯಾರು ಕಟ್ಟಬೇಕು, ಕೊರತೆಯನ್ನು ಯಾರು ತುಂಬಬೇಕು ಎಂಬುದು ಅವರ ಹಳೆಯ ರಾಜಕೀಯ ಜಗಳದ ಒಂದು ಕವಲು. ಜನವರಿ ನಡುವಿನಿಂದ ಇಬ್ಬರೂ ತುಂಬಲಿಲ್ಲ. ಯುರೋಪಿನ ವಿದ್ಯುತ್ ಸಾಗಣೆ ಸಂಸ್ಥೆಗಳ ಒಕ್ಕೂಟ ಆಮೇಲೆ ಲೆಕ್ಕ ಹಾಕಿದಂತೆ ಒಟ್ಟು ಖೋತಾ 113 ಗಿಗಾವಾಟ್‌ ಅವರ್, ನಮ್ಮ ಮೀಟರಿನ ಭಾಷೆಯಲ್ಲಿ 11.3 ಕೋಟಿ ಯೂನಿಟ್. ಇಡೀ ಖಂಡದ ಬಳಕೆಯ ಎದುರು ಇದು ಪುಡಿಗಾಸು. ಸರಾಸರಿ ಫ್ರೀಕ್ವೆನ್ಸಿ, ಅಂದರೆ ಸೆಕೆಂಡಿನ ತೂಗುಗಳ ಲೆಕ್ಕ, 50ರಿಂದ 49.996ಕ್ಕೆ ಇಳಿಯಿತು, ಅಷ್ಟೇ. ಬಲ್ಬು ಮಿನುಗಲಿಲ್ಲ, ಫ್ರಿಜ್ಜು ಗೊಣಗಲಿಲ್ಲ. ಗಡಿಯಾರ ಮಾತ್ರ ಜಿಪುಣ ಸಾಹುಕಾರನ ಹಾಗೆ ಬಾಕಿಯನ್ನು ಕೂಡಿಸುತ್ತ ಹೋಯಿತು.

ಬಾಕಿ ತೀರಿಸುವ ವ್ಯವಸ್ಥೆಯೂ ಇದೆ, ಇಡೀ ಕಥೆಯಲ್ಲಿ ನನಗೆ ತುಂಬ ಹಿಡಿಸಿದ ಭಾಗ ಇದು. ಸ್ವಿಟ್ಜರ್‌ಲೆಂಡಿನಲ್ಲಿ ಕೂತವರು ಗ್ರಿಡ್ಡಿನ ಕಾಲವನ್ನು ಅಣು ಗಡಿಯಾರದ ಕಾಲದೊಂದಿಗೆ ತಾಳೆ ನೋಡುತ್ತಿರುತ್ತಾರೆ. ಅಂತರ 20 ಸೆಕೆಂಡು ಮೀರಿದರೆ ಎಲ್ಲ ದೇಶಗಳಿಗೂ ಸೂಚನೆ ಹೋಗುತ್ತದೆ: ನಾಳೆ 50 ಅಲ್ಲ, 50.010ರಲ್ಲಿ ಓಡಿಸಿ. ಗಡಿಯಾರ ಮುಂದಿದ್ದರೆ 49.990. ದಿನವಿಡೀ ಹಾಗೆ ಓಡಿಸಿದರೆ ತಿದ್ದುವುದು 17 ಸೆಕೆಂಡು ಮಾತ್ರ. ಹಾಗಾಗಿ ಆರು ನಿಮಿಷಕ್ಕೆ ಮೂರು ವಾರ ಬೇಕು. 2018ರಲ್ಲಿ ಏಪ್ರಿಲ್ ಆರಂಭದವರೆಗೂ ಹಿಡಿಯಿತು. ಈ ನಡುವೆ ತಾಳ್ಮೆಗೆಟ್ಟು ಕೈಯಾರೆ ಮುಳ್ಳು ತಿರುಗಿಸಿಕೊಂಡಿದ್ದವರ ಗಡಿಯಾರ ಕೊನೆಗೆ ಆರು ನಿಮಿಷ ಮುಂದೆ ಹೋಗಿ ನಿಂತಿತು.

ಕರೆಂಟಿನ ಜೊತೆಗೇ ಸಮಯವನ್ನೂ ಮನೆಮನೆಗೆ ಹಂಚುವ ಈ ಉಪಾಯ ಅಮೆರಿಕದ ಹೆನ್ರಿ ವಾರೆನ್ ಅವರದು. ಕರೆಂಟಿನ ತಾಳಕ್ಕೆ ತಿರುಗುವ ಪುಟ್ಟ ಮೋಟಾರಿನ ಗಡಿಯಾರವನ್ನು ಅವರು ಮಾಡಿದರು. ಅದು ಸರಿಯಾದ ಸಮಯ ತೋರಿಸಲಿಲ್ಲ. ತಪ್ಪು ಮೋಟಾರಿನದಲ್ಲ, ಬಾಸ್ಟನ್ನಿನ ವಿದ್ಯುತ್ ಕೇಂದ್ರದ್ದು. ವಾರೆನ್ ಗಡಿಯಾರ ತಿದ್ದುವ ಬದಲು ವಿದ್ಯುತ್ ಕೇಂದ್ರವನ್ನೇ ತಿದ್ದಲು ಹೊರಟರು. 1916ರಲ್ಲಿ ಅಲ್ಲೊಂದು ಯಜಮಾನ ಗಡಿಯಾರ ಕೂತಿತು. ಅದರ ಮುಖದ ಮೇಲೆ ಎರಡು ಮುಳ್ಳು, ಒಂದನ್ನು ನಡೆಸುವುದು ಲೋಲಕ, ಇನ್ನೊಂದನ್ನು ಆ ಕೇಂದ್ರದ್ದೇ ಕರೆಂಟು. ಎರಡೂ ಒಂದರ ಮೇಲೊಂದು ಕೂತಿರುವಂತೆ ಯಂತ್ರಗಳ ವೇಗ ನೋಡಿಕೊಳ್ಳುವುದು ಆಪರೇಟರನ ಕೆಲಸ. ಅವನು ಕಾಯುತ್ತಿದ್ದದ್ದು ಎರಡು ಮುಳ್ಳು, ಸರಿಯಾಗಿ ಓಡುತ್ತಿದ್ದದ್ದು ಆ ತಂತಿಗೆ ಸಿಕ್ಕಿಸಿದ ಎಲ್ಲ ಗಡಿಯಾರ.

ನಮ್ಮಲ್ಲಿ ಇಂಥ ಗಡಿಯಾರ ಬೇರೂರಲೇ ಇಲ್ಲ. ಲೋಡ್ ಶೆಡ್ಡಿಂಗ್ ಕಂಡ ಮನೆ ಪ್ಲಗ್ಗಿನ ಗಡಿಯಾರವನ್ನು ಯಾಕೆ ನಂಬೀತು? ಕೀಲಿ ಕೊಡುವ ಗಡಿಯಾರ ಹೋಗಿ ನೇರವಾಗಿ ಸೆಲ್ ಗಡಿಯಾರ ಬಂತು. ಒಳ್ಳೆಯದೇ ಆಯಿತೆನ್ನಿ. 90ರ ದಶಕದಲ್ಲಿ ದಕ್ಷಿಣದ ಗ್ರಿಡ್ 48.5ಕ್ಕೆ ಇಳಿಯುವುದು ಮಾಮೂಲು. ದಿನವಿಡೀ ಹಾಗಿದ್ದರೆ ಪ್ಲಗ್ಗಿನ ಗಡಿಯಾರ 43 ನಿಮಿಷ ಹಿಂದೆ ಉಳಿಯುತ್ತಿತ್ತು. 2003ರ ಆರಂಭದಲ್ಲಿ ದಕ್ಷಿಣಕ್ಕೆ ಹೊಸ ದರಪದ್ಧತಿ ಬಂತು: ಫ್ರೀಕ್ವೆನ್ಸಿ ಕುಸಿದಿರುವಾಗ ತನ್ನ ಪಾಲಿಗಿಂತ ಹೆಚ್ಚು ಎಳೆದುಕೊಂಡ ರಾಜ್ಯ ಹೆಚ್ಚು ದರ ತೆರಬೇಕು. ಬುದ್ಧಿವಾದಕ್ಕೆ ಬಗ್ಗದ್ದು ಬಿಲ್ಲಿಗೆ ಬಗ್ಗಿತು.

ಆಗಿನ್ನೂ ದಕ್ಷಿಣದ ತೇರೇ ಬೇರೆ. ಒಡಿಶಾದ ತಾಲ್ಚೇರ್‌ನಿಂದ ಕೋಲಾರಕ್ಕೆ ಡಿಸಿ, ಅಂದರೆ ಒಂದೇ ದಿಕ್ಕಿಗೆ ಹರಿಯುವ ಕರೆಂಟಿನ, ಮಾರ್ಗವಿತ್ತು ನಿಜ, ಆದರೆ ಡಿಸಿ ತಂತಿಯಲ್ಲಿ ವಿದ್ಯುತ್ ಹರಿಯುತ್ತದೆಯೇ ಹೊರತು ತಾಳ ಹರಿಯುವುದಿಲ್ಲ. 2012ರ ಜುಲೈ ಕೊನೆಯಲ್ಲಿ ಅರ್ಧ ದೇಶ ಕತ್ತಲಲ್ಲಿ ಮುಳುಗಿದಾಗ ದಕ್ಷಿಣ ಪಾರಾದದ್ದು ಅದರಿಂದಲೇ. ಮರುವರ್ಷ ಡಿಸೆಂಬರ್ 31ರಂದು ರಾಯಚೂರು–ಸೊಲ್ಲಾಪುರ 765 ಕಿಲೋವೋಲ್ಟ್ ಮಾರ್ಗ ಜೋಡಣೆಯಾಯಿತು. ಅಂದಿನಿಂದ ಶರಾವತಿಯ ಟರ್ಬೈನೂ ಭಾಕ್ರಾದ ಟರ್ಬೈನೂ ಒಂದೇ ಹಗ್ಗ ಹಿಡಿದಿವೆ.

ಈಗಿನ ನಿಯಮದಂತೆ ಫ್ರೀಕ್ವೆನ್ಸಿ 49.90 ಮತ್ತು 50.05ರ ನಡುವೆ ಇರಬೇಕು. ಗ್ರಿಡ್ ನಿಯಂತ್ರಣ ಕೇಂದ್ರಗಳ ಜಾಲತಾಣದಲ್ಲಿ ಆ ಹೊತ್ತಿನ ಅಂಕಿ ಕಾಣುತ್ತದೆ. ಒಂದು ದಿನ ಸಂಜೆ ಏಳರ ಸುಮಾರಿಗೆ ಹತ್ತು ನಿಮಿಷ ನೋಡಿ. ಎರಡನೆಯ ದಶಮಾಂಶ ಒಂದು ಕಡೆ ನಿಲ್ಲುವುದಿಲ್ಲ.