ಶಿಶುನಾಮಗಳ ಅರ್ಥಪರೀಕ್ಷೆ

ಮಕ್ಕಳಿಗಿಡತಕ್ಕ ಹೆಸರುಗಳನ್ನು ಅಕಾರಾದಿಯಾಗಿ ಜೋಡಿಸಿ, ಒಂದೊಂದರ ಮುಂದೆಯೂ ಅರ್ಥವನ್ನು ಬರೆದಿರುವ ಪುಸ್ತಕಗಳು ಈಗ ಎಲ್ಲೆಲ್ಲಿಯೂ ದೊರೆಯುತ್ತವೆ. ನಾಮಕರಣಕ್ಕೆ ಮುಂಚೆ ತಾಯಿತಂದೆಗಳು ಇವುಗಳನ್ನು ನೋಡುವರು. ಸಂದೇಹ ಬಂದರೆ ಭಾಷೆಯನ್ನು ಬಲ್ಲ ಉಪಾಧ್ಯಾಯರನ್ನು ಕೇಳುವರು. ಉಪಾಧ್ಯಾಯರೂ ಕೆಲವು ವೇಳೆ ಅದೇ ಪುಸ್ತಕವನ್ನೇ ತೆರೆದು ಉತ್ತರ ಹೇಳುವುದುಂಟು. ಹೀಗೆ ಒಂದರ ತಪ್ಪು ಮತ್ತೊಂದಕ್ಕೆ ಇಳಿದು, ಅನೇಕರು ಹೇಳಿದರೆಂಬ ಕಾರಣದಿಂದಲೇ ಪ್ರಮಾಣವೆನಿಸಿಕೊಳ್ಳುತ್ತದೆ.

'ಆರವ್' ಎಂಬ ಹೆಸರನ್ನು ತೆಗೆದುಕೊಳ್ಳಬಹುದು. ಇದು ಸಂಸ್ಕೃತಶಬ್ದವೆಂದೂ 'ಶಾಂತ' ಎಂಬುದು ಇದರ ಅರ್ಥವೆಂದೂ ಇಂತಹ ಪುಸ್ತಕಗಳಲ್ಲಿ ಕಾಣುತ್ತದೆ. ಸಂಸ್ಕೃತವೆಂಬ ಮಾತು ನಿಜ. ಅರ್ಥವು ಮಾತ್ರ ತಲೆಕೆಳಗಾಗಿದೆ. 'ರು' ಧಾತುವಿಗೆ ಶಬ್ದಮಾಡುವುದೆಂದು ಅರ್ಥ. ಆಙ್ ಉಪಸರ್ಗವು ಮುಂದಿರುವಾಗ ಈ ಧಾತುವಿಗೆ ಘಞ್ ಪ್ರತ್ಯಯವನ್ನು ಪಾಣಿನಿಯು ವಿಕಲ್ಪವಾಗಿ ವಿಧಿಸಿರುವುದರಿಂದ ಆರಾವ, ಆರವ ಎಂಬ ಎರಡು ರೂಪಗಳೂ ಸಾಧುವಾಗುತ್ತವೆ. ಅಮರಸಿಂಹನು ಇವೆರಡನ್ನೂ ನಿನಾದ, ಧ್ವನಿ, ನಿರ್ಘೋಷಗಳ ಸಾಲಿನಲ್ಲಿಯೇ ಪಠಿಸಿದ್ದಾನೆ. ಆದಕಾರಣ ಆರವವೆಂದರೆ ಕೂಗು, ಮೊರೆತ. ಶಾಂತಾರ್ಥವು ನಞ್‌ಸಮಾಸದ 'ಅರವ' ಎಂಬ ರೂಪದಿಂದ ಬಂದಿರಬೇಕೆಂದು ತೋರುತ್ತದೆ, ರವವಿಲ್ಲದವನು ಅರವನು. ಹ್ರಸ್ವದೀರ್ಘಗಳನ್ನು ಸಾಮಾನ್ಯವಾಗಿ ಬೇರ್ಪಡಿಸದ ರೋಮನ್ ಬರಹದಲ್ಲಿ ಇವೆರಡೂ ಒಂದಾಗಿ ಕಾಣುವುದು ಆಶ್ಚರ್ಯವಲ್ಲ. ತೊಟ್ಟಿಲ ಕೂಸಿಗೆ ಆರವನೆಂಬುದು ಅನ್ವರ್ಥನಾಮವೇ ಎಂದು ರಾತ್ರಿಯೆಲ್ಲ ಎಚ್ಚರವಿದ್ದ ತಾಯಿಯು ಒಪ್ಪಿಯಾಳು. ಆದರೆ ಅವಳು ಬಯಸಿದ ಅರ್ಥವು ಅದಲ್ಲ.

ಎಲ್ಲ ತಪ್ಪುಗಳೂ ಈ ಬಗೆಯವಲ್ಲ. 'ವಿಹಾನ್' ಎಂಬುದಕ್ಕೆ ಬೆಳಗೆಂದು ಬರೆಯುವುದು ಸರಿ, ಸಂಸ್ಕೃತವೆನ್ನುವುದು ಸರಿಯಲ್ಲ; ಅದು ಸಂಸ್ಕೃತದ ವಿಭಾನದಿಂದ ಪ್ರಾಕೃತದ ಮಾರ್ಗವಾಗಿ ಇಳಿದು ಹಿಂದಿಯಲ್ಲಿ 'ಬಿಹಾನ್' ಎಂದು ನಿಂತಿರುವ ಮಾತು. 'ಶ್ರೇಯಾ' ಎಂಬಲ್ಲಿ ಅರ್ಥವು ಹತ್ತಿರವಿದ್ದರೂ ರೂಪವು ಅಸಾಧು, ಸ್ತ್ರೀಲಿಂಗದಲ್ಲಿ ಶ್ರೇಯಸೀ ಎಂದಾಗಬೇಕು. 'ಕಿಯಾರಾ' ಎಂಬುದನ್ನು ಸಂಸ್ಕೃತಧಾತುಗಳಲ್ಲಿ ಹುಡುಕುವುದೇ ವ್ಯರ್ಥ. ಇಟಲಿಯ ಭಾಷೆಯಲ್ಲಿ ಅದಕ್ಕೆ ಸಮೀಪವಾದ ಹೆಸರಿಗೆ ಉಜ್ವಲೆಯೆಂದೂ ಐರಿಷ್ ಭಾಷೆಯಲ್ಲಿ ಸಮೀಪವಾದ ಹೆಸರಿಗೆ ಕಪ್ಪುಬಣ್ಣದವಳೆಂದೂ ಅರ್ಥವಿರುವುದರಿಂದ, ಯಾವ ದೇಶದ ಹೆಸರೆಂದು ಗೊತ್ತುಮಾಡದೆ ಅರ್ಥಹೇಳುವುದು ಸಾಹಸವೇ ಸರಿ. ಇದಕ್ಕೆ ವಿಪರೀತವಾಗಿ, ನಂಬಲಾಗದಂತೆ ತೋರುವ ವ್ಯುತ್ಪತ್ತಿಯು ನಿಜವಾಗಿರುವುದೂ ಉಂಟು: ಲಾವಣ್ಯವು ಲವಣದಿಂದಲೇ, ಎಂದರೆ ಉಪ್ಪಿನಿಂದಲೇ, ಹುಟ್ಟಿದ ಶಬ್ದ. ಕಿವಿಗೆ ಹಿತವಾಗಲಿಲ್ಲವೆಂದು ಇದನ್ನು ತಳ್ಳಿಹಾಕುವಂತಿಲ್ಲ.

ಹೊಸ ಹೆಸರುಗಳನ್ನು ಕಟ್ಟುವುದು ಈ ಕಾಲದ ಚಾಪಲ್ಯವೆಂದು ದೂರುವವರು ಮಹಾಭಾಷ್ಯದ ಆರಂಭದ ಆಹ್ನಿಕಗಳನ್ನು ನೋಡಬೇಕು. ಕ್ರಿಸ್ತಪೂರ್ವ ೨ನೆಯ ಶತಮಾನದ ಪತಂಜಲಿಯು ಋಌಕ್ ಸೂತ್ರವನ್ನು ವಿಚಾರಿಸುವಾಗ, ಌಕಾರವನ್ನು ಉಪದೇಶಿಸಿದುದರ ಪ್ರಯೋಜನವೇನೆಂಬ ಪ್ರಶ್ನೆಯನ್ನೆತ್ತುತ್ತಾನೆ. ಯಾರಿಗಾದರೂ ತನ್ನಿಚ್ಛೆಯಂತೆ 'ಌತಕ'ನೆಂದು ಹೆಸರಿಟ್ಟಿದ್ದರೆ ಆ ಹೆಸರಿನ ಮುಂದೆಯೂ ಸಂಧಿಕಾರ್ಯವು ನಡೆಯಬೇಕಷ್ಟೆ ಎಂಬುದು ಒಂದು ಸಮಾಧಾನ. ನ್ಯಾಯವಾದ ರೂಪವು 'ಋತಕ'ವಿರುವಾಗ ಅದನ್ನೇ ಇಡತಕ್ಕದ್ದೆಂಬುದು ಅದಕ್ಕೆ ಪ್ರತ್ಯುತ್ತರ. ಮನೆಯವರು ಮುದ್ದಿಗೆ ಕಟ್ಟಿದ ಹೆಸರಿಗೂ ಶಾಸ್ತ್ರವು ಹೊಣೆಯಾಗಬೇಕೇ ಎಂಬ ಇಂದಿನ ಜಗಳವು ಅಂದೇ ನಡೆದಿದೆ. ನಾಮಗಳೆಲ್ಲವೂ ಧಾತುಜವೆಂದ ಶಾಕಟಾಯನನಿಗೂ ಎಲ್ಲವೂ ಹಾಗಲ್ಲವೆಂದ ಗಾರ್ಗ್ಯನಿಗೂ ಇದ್ದ ವಿವಾದವನ್ನು ಅದಕ್ಕೂ ಹಿಂದೆ ಯಾಸ್ಕನು ನಿರುಕ್ತದಲ್ಲಿ ವಿಸ್ತರಿಸಿದ್ದಾನೆ. ಯಾವ ಹೆಸರನ್ನು ಕೊಟ್ಟರೂ ಒಡನೆಯೇ ಧಾತುವೊಂದನ್ನು ತೋರಿಸುವ ಪಂಡಿತರು ಶಾಕಟಾಯನನ ಪಕ್ಷದವರು. ಆದರೆ ಅವನ ಪರಿಶ್ರಮವು ಅವರಲ್ಲಿರುವುದು ಅಪೂರ್ವ.

ಕವಿಗಳ ನಿರ್ವಚನವನ್ನು ಕೋಶದ ವ್ಯುತ್ಪತ್ತಿಯೊಡನೆ ಬೆರಸುವುದೂ ಒಂದು ದೋಷ. ತಪಸ್ಸಿಗೆ ಹೊರಟ ಪಾರ್ವತಿಯನ್ನು ತಾಯಿಯು 'ಉ, ಮಾ' ಎಂದು ತಡೆದುದರಿಂದ ಅವಳಿಗೆ ಉಮೆಯೆಂದು ಹೆಸರಾಯಿತೆಂದು ಕಾಳಿದಾಸನು ಕುಮಾರಸಂಭವದಲ್ಲಿ ಹೇಳಿದ್ದಾನೆ. ಕಥೆಗೆ ಅದು ಅಲಂಕಾರ. ಉಮಾಶಬ್ದದ ಚರಿತ್ರೆಗೆ ಸಾಕ್ಷಿಯಲ್ಲ.

ಕನ್ನಡದ ಹೆಸರುಗಳಲ್ಲಿ ಕೋಶವನ್ನೇ ನಂಬಿದವರು ಮೋಸಹೋಗುವ ಸಂಭವವು ಹೆಚ್ಚು. 'ಕಿಟ್ಟ' ಎಂಬುದನ್ನು ಸಂಸ್ಕೃತಕೋಶದಲ್ಲಿ ನೋಡಿದರೆ ಲೋಹದ ಮಲವೆಂದು ಕಾಣುತ್ತದೆ. ಕಿಟ್ಟಣ್ಣನ ಮನೆಯವರು ಇಟ್ಟ ಹೆಸರು ಕೃಷ್ಣ. ಕರೆಯುವಾಗ ಸವೆದು ಕಿಟ್ಟನಾಯಿತು. ಶ್ರೀನಿವಾಸನು ಸೀನನಾದುದೂ ಸುಬ್ರಹ್ಮಣ್ಯನು ಸುಬ್ಬನಾದುದೂ ಹೀಗೆಯೇ. ದೇವದತ್ತನನ್ನು ದೇವಿಕ, ದೇವಿಲ ಎಂದು ಕರೆಯುವುದಕ್ಕೆ ಪಾಣಿನಿಯೇ ಸೂತ್ರಗಳನ್ನು ರಚಿಸಿರುವಾಗ ಇವುಗಳನ್ನು ಅಪಭ್ರಷ್ಟವೆಂದು ಹಳಿಯುವುದು ತರವಲ್ಲ. ವೃಷಭವು ಬಸವವಾಗಿ, ರತ್ನವು ರನ್ನವಾಗಿ ಬಂದಿರುವುದು ಕೇಶಿರಾಜನು ಅಪಭ್ರಂಶಪ್ರಕರಣದಲ್ಲಿ ನಿರೂಪಿಸಿದ ಮಾರ್ಗದಲ್ಲಿಯೇ. ಬಸವನೆಂಬ ಹೆಸರಿನಲ್ಲಿ ವಾಸಾರ್ಥದ 'ವಸ' ಧಾತುವನ್ನು ಕಾಣುವುದು ಆ ಮಾರ್ಗವನ್ನು ಮರೆತವರ ಕೆಲಸ.

ಕೋಶವು ಸರಿಯಾದ ಅರ್ಥವನ್ನೇ ಕೊಟ್ಟರೂ ಹೆಸರು ತಿಳಿಯದೆ ಹೋಗುವ ಸ್ಥಳಗಳೂ ಇವೆ. 'ತಿಪ್ಪ'ನೆಂಬುದು ತಿಪ್ಪೆಯಿಂದ ಬಂದುದೆಂಬುದರಲ್ಲಿ ಕಷ್ಟವೇನೂ ಇಲ್ಲ. ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ ಮತ್ತೊಂದು ಕೂಸು ಹುಟ್ಟಿದಾಗ, ಅದನ್ನು ತಿಪ್ಪೆಯ ಮೇಲಿರಿಸಿ ಎತ್ತಿಕೊಂಡು, ಮೃತ್ಯುವಿನ ಕಣ್ಣಿಗೆ ಬೇಡವಾದ ವಸ್ತುವೆನಿಸಲೆಂದು ಆ ಹೆಸರಿಡುತ್ತಿದ್ದರು. ಪುಸ್ತಕದಲ್ಲಿ ಈ ಹೆಸರನ್ನು ಬಿಟ್ಟವರೂ 'ಕೀಳರ್ಥ' ಎಂದು ಬರೆದವರೂ ಆ ತಾಯಿಯ ಭಯವನ್ನು ಅರಿಯರು. ಐತರೇಯಬ್ರಾಹ್ಮಣದ ಅಜೀಗರ್ತನ ಮಕ್ಕಳು ಶುನಃಪುಚ್ಛ, ಶುನಃಶೇಪ, ಶುನೋಲಾಂಗೂಲ ಎಂಬ ಮೂವರು. ಮೂರು ಹೆಸರುಗಳ ಮೊದಲಲ್ಲಿಯೂ ಇರುವುದು ನಾಯಿಯೇ ಎಂಬುದನ್ನು ಮೊದಲ ತರಗತಿಯ ವಿದ್ಯಾರ್ಥಿಯೂ ಬಿಡಿಸಿ ಹೇಳಬಲ್ಲನು. ಬ್ರಾಹ್ಮಣನೊಬ್ಬನು ತನ್ನ ಮೂವರಿಗೂ ಇಂತಹ ಹೆಸರನ್ನೇಕೆ ಇಟ್ಟನೆಂಬುದಕ್ಕೆ ಉತ್ತರವನ್ನು ಹುಡುಕತಕ್ಕ ಸ್ಥಳವು ಕೋಶವಲ್ಲ, ತಿಪ್ಪಯ್ಯನ ಮನೆ.