ಕೊಟ್ಟಿಗೆಹಾರದ ಕಪ್ಪೆ

ಹೈದರಾಬಾದಿನ ಅತ್ತಾಪುರದಲ್ಲಿ ಫ್ಲೈಓವರಿನ ಪಿಲ್ಲರ್ ನಂಬರ್ ಹೇಳಿದರೆ ಅದೇ ವಿಳಾಸ. ಇಲ್ಲಿರುವ ಸಿಸಿಎಂಬಿಯವರ ಲಾಕೋನ್ಸ್ ಪ್ರಯೋಗಾಲಯದ ಮುಂದೆ ವರ್ಷಗಟ್ಟಲೆ ಆಫೀಸಿಗೆ ಓಡಾಡಿದ್ದೇನೆ. ಅಲ್ಲಿ ಕಪ್ಪೆಗಳ ಮೇಲೂ ಸಂಶೋಧನೆ ನಡೆಯುತ್ತದೆಂದು ತಿಳಿದಾಗ ನಮ್ಮೂರಿನ ಕಪ್ಪೆ ನೆನಪಾಯಿತು.

ನಮ್ಮೂರು ಕೊಟ್ಟಿಗೆಹಾರ. ನೀರುದೋಸೆಗೆಂದು ನೀವೂ ಅಲ್ಲಿ ಇಳಿದಿರುತ್ತೀರಿ. 1937ರಲ್ಲಿ ಬೆಂಗಳೂರು ಸೆಂಟ್ರಲ್ ಕಾಲೇಜಿನ ಸಿ.ಆರ್. ನಾರಾಯಣರಾವ್ ಅಲ್ಲಿಯ ಒಂದು ಪುಟ್ಟ ಪೊದೆಗಪ್ಪೆಯನ್ನು ಲೋಕಕ್ಕೆ ಪರಿಚಯಿಸಿದರು. ಈಗಿನ ಹೆಸರು ರಾವೋರ್ಕೆಸ್ಟಿಸ್ ಚಾರಿಯಸ್. ಆ 'ರಾವ್' ಅವರೇ. 2010ರಲ್ಲಿ ಬಿಜು ಮತ್ತು ಸಂಗಡಿಗರು ಇಡೀ ಕುಲಕ್ಕೆ ಅವರ ಹೆಸರಿಟ್ಟರು. ರಾಯರು ಕಾಲೇಜಿನಲ್ಲಿ ಕೂಡಿಟ್ಟಿದ್ದ ಮಾದರಿಗಳು ಮಾತ್ರ ಕಳೆದುಹೋದವು. ಪಶ್ಚಿಮ ಘಟ್ಟದ ಒಂದಿಷ್ಟು ಬೆಟ್ಟಗಳನ್ನು ಬಿಟ್ಟರೆ ಈ ಕಪ್ಪೆ ಬೇರೆಲ್ಲೂ ಇಲ್ಲ.

ಇದಕ್ಕೆ ಕೆರೆ ಬೇಡ. ಈ ಕುಲದವಕ್ಕೆ ನೀರಲ್ಲಿ ಈಜುವ ಗೊದಮೊಟ್ಟೆಯ ಬದುಕೇ ಇಲ್ಲ. ಮೊಟ್ಟೆಯೊಳಗೇ ಬೆಳೆದು ಮರಿಗಪ್ಪೆಯಾಗಿ ಹೊರಬರುತ್ತವೆ. ಆದರೆ ನೆರಳು, ತೇವ ಬೇಕು. ಮೊಟ್ಟೆ ಒಣಗಿದರೆ ಮುಗಿಯಿತು.

ಕಳೆದ ಮಳೆಗಾಲ ಊರಿಗೆ ಹೋದಾಗ, ತೋಟದಂಚಿನ ಪೊದೆ ಸವರಿಸಲು ಅಣ್ಣ ಆಳು ಗೊತ್ತು ಮಾಡಿದ್ದ. ಹಿಂದಿನ ರಾತ್ರಿ ಟಾರ್ಚ್ ಹಿಡಿದು ಅವನನ್ನು ಕರೆದೊಯ್ದೆ. ಪೊದೆ ತುಂಬ ಸದ್ದು, ಒಂದೂ ಕಣ್ಣಿಗೆ ಬೀಳಲಿಲ್ಲ. ಇದೇ ಜಾತಿಯೋ, ಇದರ ದಾಯಾದಿಯೋ, ಹೇಳಲಾರೆ. ಕಾಲಿಗೆ ಜಿಗಣೆ ಹತ್ತಿದ್ದಷ್ಟೇ ಲಾಭ.

"ಇದಕ್ಕೇನೋ ಮಾರಾಯ ನೀನು ಹೈದರಾಬಾದಿಂದ ಬಂದಿದ್ದು?" ಅಂದ ಅಣ್ಣ.

ಬೆಳಿಗ್ಗೆ ನೋಡಿದರೆ ಆಳುಗಳನ್ನು ಮೆಣಸಿನ ಬಳ್ಳಿ ಕಟ್ಟಲು ಹಚ್ಚಿದ್ದ. ಮುಂದಿನ ವರ್ಷದ ಮಾತು ಅವನೂ ಎತ್ತಲಿಲ್ಲ, ನಾನೂ ಕೇಳಲಿಲ್ಲ.