ಕಾಲುವೆಯ ಕೊನೆಯಲ್ಲಿ ನಿಂತಿರುವ ನೆರೆಯವ

ಕೃಷ್ಣೆ ಮತ್ತು ತುಂಗಭದ್ರೆಯರ ನಡುವೆ ಹಬ್ಬಿರುವ ನಮ್ಮ ಸೀಮೆಯನ್ನು ಪ್ರಾಚೀನರು ‘ಎಡೆದೊರೆ ನಾಡು’ ಎಂದು ಕರೆದರು. ಎರಡು ತೊರೆಗಳ ನಡುವಣ ನಾಡು ಎಂಬುದು ಆ ಹೆಸರಿನ ಅರ್ಥ. ಹೆಸರನ್ನಷ್ಟೇ ಕೇಳಿದವರಿಗೆ ಇಲ್ಲಿ ನೀರಿಗೆ ಬರವಿರಲಾರದೆಂದು ತೋರೀತು. ಆದರೆ ಎರಡು ಮಹಾನದಿಗಳ ಮಡಿಲಲ್ಲಿದ್ದೂ ಬಾಯಾರಿದ ನಾಡು ಇದು. ವರ್ಷಕ್ಕೆ 600 ಮಿಲಿಮೀಟರಿನ ಆಸುಪಾಸಿನಲ್ಲಿ ಬೀಳುವ ಮಳೆಯನ್ನು ನಂಬಿ, ಎರೆ ಭೂಮಿಯಲ್ಲಿ ಬಿಳಿಜೋಳವನ್ನೂ ಮಸಾರಿ ಭೂಮಿಯಲ್ಲಿ ಸಜ್ಜೆ ನವಣೆಗಳನ್ನೂ ಬಿತ್ತಿ ಬದುಕಿದವರು ನಮ್ಮ ಹಿರಿಯರು. ಇಂದು ಸಿಂಧನೂರು, ಮಸ್ಕಿ, ಲಿಂಗಸುಗೂರು ತಾಲ್ಲೂಕುಗಳಲ್ಲಿ ನೆಲೆಸಿರುವ ನಮ್ಮ ಕಥೋಲಿಕ ಕುಟುಂಬಗಳಲ್ಲಿ ಬಹುಪಾಲು ಒಕ್ಕಲುತನವನ್ನೋ ಕೂಲಿಯನ್ನೋ ಆಶ್ರಯಿಸಿದವು. ಆದ್ದರಿಂದ ಹವಾಮಾನ ಬದಲಾವಣೆ, ಪರಿಸರ ಸಂರಕ್ಷಣೆ ಎಂಬ ಮಾತುಗಳು ವಿದ್ವಾಂಸರ ಗೋಷ್ಠಿಗೆ ಮಾತ್ರ ಸಲ್ಲುವಂಥವಲ್ಲ. ನಮ್ಮ ಅಡುಗೆಮನೆಗೂ ಮಕ್ಕಳ ಶಾಲೆಗೂ ಸಂಬಂಧಪಟ್ಟಂಥವು ಎಂಬುದನ್ನು ಈ ವಾರ ಓದುಗರೊಡನೆ ವಿಚಾರಿಸಬಯಸುತ್ತೇವೆ.

ಬರಗಾಲದ ಈ ನಾಡಿಗೆ ನೀರುಣಿಸಬೇಕೆಂಬ ಸಂಕಲ್ಪದಿಂದ ಹುಟ್ಟಿದ್ದೇ ತುಂಗಭದ್ರಾ ಯೋಜನೆ. ಅಂದಿನ ಹೈದರಾಬಾದು ಸಂಸ್ಥಾನ ಮತ್ತು ಮದ್ರಾಸು ಪ್ರಾಂತಗಳು ಕೂಡಿ 1945ರಲ್ಲಿ ಅಡಿಗಲ್ಲನ್ನಿಟ್ಟವು. 1953ರ ವೇಳೆಗೆ ಕಾಲುವೆಗೆ ನೀರು ಹರಿಯಿತು. 227 ಕಿಲೋಮೀಟರ್ ಉದ್ದದ ಎಡದಂಡೆ ಕಾಲುವೆ ಗಂಗಾವತಿ, ಕಾರಟಗಿಗಳನ್ನು ದಾಟಿ ಸಿಂಧನೂರಿಗೆ ಬಂದು, ಮಾನ್ವಿ, ಸಿರವಾರಗಳ ಕಡೆಗೆ ಸಾಗಿ ರಾಯಚೂರನ್ನು ಮುಟ್ಟಬೇಕು. ಈ ಕಾಲುವೆ ನಮಗೆ ಮಾಡಿದ ಉಪಕಾರ ಸಣ್ಣದಲ್ಲ. ಸಿಂಧನೂರು ಭತ್ತದ ಕಣಜವೆನಿಸಿತು. ಆಂಧ್ರದಿಂದ ಬಂದ ರೈತರು ಕ್ಯಾಂಪುಗಳನ್ನು ಕಟ್ಟಿಕೊಂಡರು. ಪೂರ್ವ ಬಂಗಾಳದಿಂದ ನಿರಾಶ್ರಿತರಾಗಿ ಬಂದವರೂ ಇದೇ ತಾಲ್ಲೂಕಿನಲ್ಲಿ ನೆಲೆ ಕಂಡರು. ಹೊಟ್ಟೆಗಿಲ್ಲದವರಿಗೆ ಅನ್ನ ದೊರೆಯಿತು. ಇದನ್ನು ಮರೆತು ಕಾಲುವೆಯನ್ನು ನಿಂದಿಸುವುದು ಕೃತಘ್ನತೆಯಾದೀತು.

ಆದರೆ ಯೋಜನೆಯ ಮೂಲ ಉದ್ದೇಶವನ್ನು ನಾವು ನೆನೆಯಬೇಕು. ಸ್ವಲ್ಪ ನೀರನ್ನು ಬಹಳ ಜನರಿಗೆ ಹಂಚುವುದು ಆ ಉದ್ದೇಶ. ಅದಕ್ಕಾಗಿಯೇ ಅಚ್ಚುಕಟ್ಟಿನ ಬಹುಭಾಗವನ್ನು ಜೋಳ, ಹತ್ತಿ, ಶೇಂಗಾಗಳಂತಹ ಕಡಿಮೆ ನೀರಿನ ಬೆಳೆಗಳಿಗೆ ಗೊತ್ತುಪಡಿಸಿ, ಭತ್ತಕ್ಕೆ ಸಣ್ಣ ಭಾಗವನ್ನು ಮಾತ್ರ ಬಿಡಲಾಗಿತ್ತು. ನಡೆದದ್ದು ಬೇರೆ. ಮೇಲ್ಭಾಗದಲ್ಲಿ ನೀರು ಕಣ್ಣೆದುರಿಗೇ ಹರಿಯುತ್ತಿರುವಾಗ ಭತ್ತದ ಗದ್ದೆಗಳು ಗೆರೆ ದಾಟಿ ಹಬ್ಬಿದವು. ಕಾಲುವೆಗೆ ಪಂಪು, ಪೈಪುಗಳು ಇಳಿದವು. ಇತ್ತ ಜಲಾಶಯದಲ್ಲಿ ಹೂಳು ತುಂಬುತ್ತಾ ಬಂದು, ಆರಂಭದಲ್ಲಿ ಸುಮಾರು 133 ಟಿಎಂಸಿಯಷ್ಟಿದ್ದ ಸಂಗ್ರಹ ಸಾಮರ್ಥ್ಯ 105 ಟಿಎಂಸಿಯ ಆಸುಪಾಸಿಗೆ ಇಳಿಯಿತು. ಕೊಡುವ ಪಾತ್ರೆ ಕಿರಿದಾಯಿತು, ಬೇಡುವ ಕೈಗಳು ಹೆಚ್ಚಿದವು. ಕೊನೆ ಭಾಗದ ರೈತ ಗೇಜು ನೋಡುತ್ತಾ, ರಸ್ತೆಯಲ್ಲಿ ಧರಣಿ ಕೂರುತ್ತಾ ಕಾಲ ಕಳೆಯುವಂತಾಯಿತು.

ಹೆಚ್ಚು ಕುಡಿದ ಭೂಮಿಯಾದರೂ ಸುಖವಾಗಿದೆಯೇ? ಅದೂ ಇಲ್ಲ. ಎರೆ ಮಣ್ಣು ನೀರನ್ನು ಬೇಗ ಬಿಟ್ಟುಕೊಡುವುದಿಲ್ಲ. ವರ್ಷಕ್ಕೆ ಎರಡು ಬಾರಿ ಕೆಸರುಗದ್ದೆ ಮಾಡಿ, ಬಸಿಗಾಲುವೆಗಳನ್ನು ಮುಚ್ಚಿ ಉತ್ತರೆ, ನೆಲದೊಳಗಿನ ನೀರಿನ ಮಟ್ಟ ಬೇರಿನವರೆಗೆ ಏರುತ್ತದೆ. ಬಿಸಿಲಿಗೆ ಆ ನೀರು ಆರಿದಾಗ ಅದು ಹೊತ್ತು ತಂದ ಉಪ್ಪು ಮೇಲೆಯೇ ಉಳಿಯುತ್ತದೆ. ಹೀಗೆ ಮೊದಲು ಜವಳು, ಅನಂತರ ಸವಳು. ತುಂಗಭದ್ರಾ ಅಚ್ಚುಕಟ್ಟಿನಲ್ಲಿ ಹತ್ತಾರು ಸಾವಿರ ಹೆಕ್ಟೇರ್ ಭೂಮಿ ಈ ರೋಗಕ್ಕೆ ತುತ್ತಾಗಿದ್ದು, ಗಂಗಾವತಿಯ ಕೃಷಿ ಸಂಶೋಧನಾ ಕೇಂದ್ರ ಇದರ ಪರಿಹಾರಕ್ಕಾಗಿಯೇ ಬಹುಕಾಲದಿಂದ ದುಡಿಯುತ್ತಿದೆ. ನೆರೆಯವನ ಪಾಲಿನ ನೀರು ನಮ್ಮ ಹೊಲದಲ್ಲಿ ನಿಂತರೆ ಅದು ನಮ್ಮ ಹೊಲವನ್ನೇ ಉಪ್ಪು ಮಾಡುತ್ತದೆ. ಇದಕ್ಕಿಂತ ಸ್ಪಷ್ಟವಾದ ನೀತಿಪಾಠ ಬೇರೆ ಬೇಕೇ?

ಈ ಹಳೆಯ ಅಸಮಾನತೆಯ ಮೇಲೆ ಈಗ ಹವಾಮಾನ ಬದಲಾವಣೆಯ ಹೊರೆ ಬಂದು ಬಿದ್ದಿದೆ. ಕಲ್ಲಿದ್ದಲು, ಪೆಟ್ರೋಲುಗಳನ್ನು ಉರಿಸಿದ್ದರಿಂದ ವಾಯುಮಂಡಲದಲ್ಲಿ ಇಂಗಾಲದ ಡೈ ಆಕ್ಸೈಡು ಹೆಚ್ಚಿ, ಕೈಗಾರಿಕಾಪೂರ್ವ ಕಾಲಕ್ಕೆ ಹೋಲಿಸಿದರೆ ಭೂಮಿಯ ಸರಾಸರಿ ಉಷ್ಣಾಂಶ 1 ಡಿಗ್ರಿ ಸೆಲ್ಸಿಯಸ್‌ಗೂ ಮಿಗಿಲಾಗಿ ಏರಿದೆ. ಗಾಳಿ 1 ಡಿಗ್ರಿಯಷ್ಟು ಬಿಸಿಯಾದರೆ ಶೇಕಡಾ 7ರಷ್ಟು ಹೆಚ್ಚು ನೀರಾವಿಯನ್ನು ಹಿಡಿದಿಡಬಲ್ಲದು. ಪರಿಣಾಮವಾಗಿ ಮಳೆಯ ದಿನಗಳ ನಡುವಿನ ಅಂತರ ಹಿಗ್ಗಿ, ಬಂದಾಗ ಒಮ್ಮೆಲೇ ಸುರಿಯುವ ಸಂಭವ ಅಧಿಕವಾಗುತ್ತದೆ. ಯಾವುದೇ ಒಂದು ಬರಕ್ಕೆ ಅಥವಾ ಒಂದು ನೆರೆಗೆ ಇದೊಂದೇ ಕಾರಣವೆನ್ನುವುದು ತರ್ಕಕ್ಕೆ ನಿಲ್ಲದು. ಆದರೆ ಇಂತಹ ವಿಪರೀತಗಳು ಅಡಿಗಡಿಗೆ ಬರತೊಡಗಿದಾಗ ಏನಾಗುತ್ತದೆಂಬುದನ್ನು ನಮ್ಮ ಜಿಲ್ಲೆ ಕಂಡಿದೆ. 2009ರ ಸೆಪ್ಟೆಂಬರ್ ಕೊನೆಯಲ್ಲಿ ಸುರಿದ ಮಳೆ ಉತ್ತರ ಕರ್ನಾಟಕದ ಊರೂರುಗಳನ್ನೇ ಮುಳುಗಿಸಿತು. 2018ರಲ್ಲಿ ಬರ, ಮರುವರ್ಷದ ಆಗಸ್ಟಿನಲ್ಲಿ ಕೃಷ್ಣೆ ಉಕ್ಕಿ, ಲಿಂಗಸುಗೂರು ತಾಲ್ಲೂಕಿನ ಶೀಲಹಳ್ಳಿ ಸೇತುವೆ ಮುಳುಗಿ, ನಡುಗಡ್ಡೆಯ ಜನರಿಗೆ ಹೊರಗಿನ ಸಂಪರ್ಕವೇ ಕಡಿಯಿತು. 2023ರಲ್ಲಿ ಮಳೆ ಕೈಕೊಟ್ಟು ರಾಜ್ಯದ 236 ತಾಲ್ಲೂಕುಗಳಲ್ಲಿ 223 ಬರಪೀಡಿತವೆನಿಸಿದವು. ತುಂಗಭದ್ರಾ ಜಲಾಶಯ ತುಂಬದೆ ಎರಡನೆಯ ಬೆಳೆಗೆ ನೀರು ಸಿಗಲಿಲ್ಲ. 2024ರಲ್ಲಿ ತುಂಬಿತು, ಆದರೆ ಆಗಸ್ಟ್ 10ರ ರಾತ್ರಿ 19ನೆಯ ಗೇಟಿನ ಸರಪಳಿ ತುಂಡಾಗಿ ಗೇಟು ಕೊಚ್ಚಿಹೋಯಿತು. ತಾತ್ಕಾಲಿಕ ಗೇಟನ್ನು ಕೂರಿಸುವವರೆಗೆ ಹತ್ತಾರು ಟಿಎಂಸಿ ನೀರು ಹೊಳೆಯ ಪಾಲಾಯಿತು. ಮತ್ತೆ ಮಳೆ ಬಂದು ಜಲಾಶಯ ತುಂಬಿತೆಂಬುದು ದೇವರ ಕೃಪೆ. ಆದರೆ ಒಂದು ಸರಪಳಿಯ ಮೇಲೆ ಎಷ್ಟು ಲಕ್ಷ ಜನರ ಅನ್ನ ತೂಗಾಡುತ್ತಿದೆಯೆಂಬುದನ್ನು ಆ ರಾತ್ರಿ ನಮಗೆ ತೋರಿಸಿತು.

ಕಾಲುವೆಯೇ ಇಲ್ಲದವರ ಪಾಡೇನು? ಲಿಂಗಸುಗೂರಿನ ಒಂದು ಅಂಚಿನಲ್ಲಿ ಕೃಷ್ಣೆ ಹರಿಯುತ್ತಾಳೆ. ನಾರಾಯಣಪುರ ಬಲದಂಡೆ ಕಾಲುವೆಯೂ ಬಂದಿದೆ. ಆದರೂ ತಾಲ್ಲೂಕಿನ ಎಷ್ಟೋ ಹೊಲಗಳು ಇಂದಿಗೂ ಆಕಾಶವನ್ನೇ ನೋಡುತ್ತವೆ. ನೆಲದಡಿಯಿಂದ ಚಿನ್ನ ತೆಗೆಯುವ ಹಟ್ಟಿ ಇರುವ ಈ ತಾಲ್ಲೂಕಿನಲ್ಲೇ ಕುಡಿಯುವ ನೀರಿಗಾಗಿ ಕೊಡ ಹಿಡಿದು ನಿಂತವರುಂಟು. ಮಸ್ಕಿಯಲ್ಲಂತೂ ಒಂದೇ ತಾಲ್ಲೂಕಿನೊಳಗೆ ಎರಡು ಲೋಕಗಳು: ಒಂದು ಬದಿ ಹಸಿರು ಗದ್ದೆ, ಇನ್ನೊಂದು ಬದಿ ಒಣ ಹೊಲ. ನಾರಾಯಣಪುರ ಬಲದಂಡೆಯ 5ಎ ಕಾಲುವೆಗಾಗಿ ಪಾಮನಕಲ್ಲೂರಿನಲ್ಲಿ 2020ರ ನವೆಂಬರಿನಿಂದ ರೈತರು ತಿಂಗಳುಗಟ್ಟಲೆ ಧರಣಿ ಕುಳಿತದ್ದು ಈ ಒಣ ಬದಿಯ ಕೂಗೇ ಆಗಿತ್ತು. ಮಳೆ ತಪ್ಪಿದ ವರ್ಷ ಈ ಹಳ್ಳಿಗಳಿಂದ ಬೆಂಗಳೂರಿನ ಕಟ್ಟಡ ಕೆಲಸಕ್ಕೆ ಗುಳೆ ಹೋಗುವುದು ಹೊಸದೇನಲ್ಲ. ಮನೆಯಲ್ಲಿ ಮುದುಕರು ಉಳಿಯುತ್ತಾರೆ. ಮಕ್ಕಳು ಶಾಲೆ ಬಿಟ್ಟು ತಂದೆತಾಯಿಯರ ಹಿಂದೆ ಹೋಗುತ್ತಾರೆ. ಭಾನುವಾರದ ಪೂಜೆಯಲ್ಲಿ ಖಾಲಿಯಾಗಿ ಕಾಣುವ ಸಾಲುಗಳು ಮಳೆಯ ಲೆಕ್ಕವನ್ನೇ ಹೇಳುತ್ತವೆ.

ಇಲ್ಲಿ ನಾವು ಜಗತ್ತಿನ ಕಡೆಗೂ ಕಣ್ಣು ಹಾಯಿಸಬೇಕು. ಆಕಾಶವೂ ಒಂದು ಕಾಲುವೆಯಂತೆಯೇ. ಅದರ ಮೇಲ್ಭಾಗದಲ್ಲಿ ಧನಿಕ ದೇಶಗಳು ಎರಡು ಶತಮಾನ ಕಾಲ ಹೊಗೆಯುಗುಳಿ ಬೆಳೆದವು. ಕೊನೆ ಭಾಗದಲ್ಲಿ ಕುಳಿತ ಬಡ ದೇಶಗಳು ಅದರ ಫಲವನ್ನು ಉಣ್ಣುತ್ತಿವೆ. ಇಂದಿಗೂ ಭಾರತದಲ್ಲಿ ತಲೆಗೆ ವರ್ಷಕ್ಕೆ ಸುಮಾರು 2 ಟನ್ ಇಂಗಾಲದ ಡೈ ಆಕ್ಸೈಡು ಬಿಡುಗಡೆಯಾದರೆ, ಅಮೆರಿಕದಲ್ಲಿ ಸುಮಾರು 14 ಟನ್. ಹೊಣೆ ಎಲ್ಲರದು, ಆದರೆ ಎಲ್ಲರದೂ ಸಮನಲ್ಲ ಎಂಬ ತತ್ತ್ವವನ್ನು 1992ರ ರಿಯೊ ಸಮ್ಮೇಳನದಲ್ಲಿ ರಾಷ್ಟ್ರಗಳು ಒಪ್ಪಿಕೊಂಡವು. ನಷ್ಟ ಅನುಭವಿಸಿದ ದೇಶಗಳಿಗೆ ನೆರವಾಗುವ ನಿಧಿಯೊಂದನ್ನು ಸ್ಥಾಪಿಸಲು ಸಮ್ಮತಿ ದೊರೆತದ್ದು ಈಜಿಪ್ಟಿನ ಸಮ್ಮೇಳನದಲ್ಲಿ, 2022ರಷ್ಟು ತಡವಾಗಿ. ಭೂಮಿಯ ಕೂಗು ಮತ್ತು ಬಡವರ ಕೂಗು ಬೇರೆ ಬೇರೆಯಲ್ಲವೆಂದು ದಿವಂಗತ ಪೋಪ್ ಫ್ರಾನ್ಸಿಸರು 2015ರ ತಮ್ಮ ‘ಲೌದಾತೊ ಸೀ’ ವಿಶ್ವಪತ್ರದಲ್ಲಿ ಬೋಧಿಸಿದ್ದರ ಹಿನ್ನೆಲೆಯೂ ಇದೇ. ಧನಿಕ ದೇಶಗಳಿಂದ ನ್ಯಾಯ ಕೇಳುವ ಹಕ್ಕು ನಮಗೆ ಪೂರ್ಣವಾಗಿ ಇದೆ.

ಆದರೆ ನಾವು ಮೇಲಿನವರಿಗೆ ಹೇಳುವ ಮಾತನ್ನು ಕೆಳಗಿನವರ ಬಾಯಿಂದ ಕೇಳಲು ಸಿದ್ಧರಿದ್ದೇವೆಯೇ? ಇದೇ ಈ ಲೇಖನದ ತಿರುಳು. ಸಿಂಧನೂರಿನ ರೈತ ಕಾಲುವೆಯ ನಡುವೆ ನಿಂತವನು. ಗಂಗಾವತಿಯವರು ನೀರು ಬಿಡುವುದಿಲ್ಲವೆಂದು ಆತ ದೂರುತ್ತಾನೆ, ಅದು ಸುಳ್ಳಲ್ಲ. ಮಾನ್ವಿಯವನು ಸಿಂಧನೂರಿನವರ ಬಗ್ಗೆ ಅದೇ ದೂರನ್ನು ಹೇಳುತ್ತಾನೆ; ಅದೂ ಸುಳ್ಳಲ್ಲ. ನಮ್ಮಲ್ಲಿ ಬಹುತೇಕರು ಯಾರಿಗೋ ಕೆಳಗಿನವರು, ಮತ್ತಾರಿಗೋ ಮೇಲಿನವರು. ಮೇಲೆ ನೋಡಿ ದೂರುವುದು ಸುಲಭ. ತಿರುಗಿ ಕೆಳಗೆ ನೋಡುವುದು ಕಷ್ಟ.

ಶುಭಸಂದೇಶದ ಧನಿಕ ಮತ್ತು ಲಾಜರನ ಸಾಮತಿಯನ್ನು ಗಮನವಿಟ್ಟು ಓದಿದರೆ, ಆ ಧನಿಕ ಕಳವು ಮಾಡಿದನೆಂದಾಗಲಿ, ಲಾಜರನನ್ನು ಹೊಡೆದನೆಂದಾಗಲಿ ಅಲ್ಲಿ ಹೇಳಿಲ್ಲ. ಬಾಗಿಲ ಬಳಿ ಬಿದ್ದಿದ್ದವನನ್ನು ಆತ ಲಕ್ಷಿಸಲಿಲ್ಲ, ಅಷ್ಟೇ. ‘ನೀರು ನನ್ನ ಹೊಲದ ಮುಂದೆಯೇ ಬಂತು, ಬಳಸಿಕೊಂಡೆ’ ಎನ್ನುವವನ ಸ್ಥಿತಿಯೂ ಇದೇ. ಸಂತ ತೋಮಾಸ್ ಅಕ್ವಿನಾಸರು ಸ್ವತ್ತನ್ನು ಹೊಂದುವ ಹಕ್ಕನ್ನೂ ಬಳಸುವ ರೀತಿಯನ್ನೂ ಪ್ರತ್ಯೇಕಿಸಿದರು: ಹೊಂದುವುದು ಒಬ್ಬನದಾಗಿರಬಹುದು, ಆದರೆ ಬಳಕೆಯಲ್ಲಿ ಅದು ಎಲ್ಲರದೆಂದು ಬಗೆದು, ಕೊರತೆಯಲ್ಲಿರುವವನಿಗೆ ಹಂಚಲು ಸಿದ್ಧನಿರಬೇಕೆಂಬುದು ಅವರ ನಿಲುವು. ಹೊಲ ನಮ್ಮದು, ಪಟ್ಟಾ ನಮ್ಮದು; ಆದರೆ ಅದರ ಪಕ್ಕದಲ್ಲಿ ಹರಿಯುವ ನೀರಿಗೆ ನಾವು ಒಡೆಯರಲ್ಲ, ಪಾಲುದಾರರು. ಮೇಲಿನವನ ಸಂಯಮವೇ ಕೆಳಗಿನವನ ಪಾಲಿನ ಮಳೆ.

ರೈತನನ್ನೊಬ್ಬನನ್ನೇ ಕಟಕಟೆಯಲ್ಲಿ ನಿಲ್ಲಿಸುವುದು ಅನ್ಯಾಯವೆಂಬುದನ್ನೂ ಹೇಳಲೇಬೇಕು. ಭತ್ತಕ್ಕೆ ಅಕ್ಕಿ ಗಿರಣಿಯೂ ವ್ಯಾಪಾರಿಯೂ ಮನೆಬಾಗಿಲಲ್ಲೇ ಇದ್ದಾರೆ. ಸಾಲ ತೀರಿಸಬೇಕಾದವನು ಖಚಿತವಾಗಿ ಮಾರಾಟವಾಗುವ ಬೆಳೆಯನ್ನೇ ಬೆಳೆಯುತ್ತಾನೆ. ಜೋಳ, ತೊಗರಿ, ಸಜ್ಜೆಗಳಿಗೆ ನ್ಯಾಯವಾದ ಬೆಲೆಯೂ ಸಕಾಲದ ಖರೀದಿಯೂ ದೊರೆಯದೆ, ‘ಭತ್ತ ಬಿಡಿ’ ಎಂದಷ್ಟೇ ಉಪದೇಶಿಸಿದರೆ ಕೇಳುವವರಾರು? ಇದು ಸರ್ಕಾರದ ಕರ್ತವ್ಯ, ಪಟ್ಟಣದಲ್ಲಿ ಕುಳಿತು ಉಣ್ಣುವವರ ಕರ್ತವ್ಯವೂ ಹೌದು.

ಹಾಗಿದ್ದರೂ ಕಾಯುತ್ತಾ ಕೂರಬೇಕಾಗಿಲ್ಲ. ಭತ್ತವನ್ನೇ ಬೆಳೆಯುವವರು ಕೆಸರು ಮಾಡಿ ನಾಟಿ ಹಾಕುವ ಬದಲು ಕೂರಿಗೆಯಿಂದ ನೇರ ಬಿತ್ತನೆ ಮಾಡಬಹುದು. ನೀರು, ಕೂಲಿ ಎರಡೂ ಉಳಿಯುತ್ತವೆ. ಸದಾ ನೀರು ನಿಂತ ಗದ್ದೆಯಿಂದ ಹೊರಡುವ ಮೀಥೇನ್ ಅನಿಲ ಭೂಮಿಯನ್ನು ಬಿಸಿಮಾಡುವುದರಲ್ಲಿ ಇಂಗಾಲದ ಡೈ ಆಕ್ಸೈಡಿಗಿಂತ ಎಷ್ಟೋ ಪಟ್ಟು ಪ್ರಬಲವಾದುದು. ನೇರ ಬಿತ್ತನೆಯಿಂದ ಅದೂ ತಗ್ಗುತ್ತದೆ. ಕೊಯ್ಲಾದ ಮೇಲೆ ಹುಲ್ಲಿಗೆ ಬೆಂಕಿಯಿಡುವುದನ್ನು ನಿಲ್ಲಿಸಿ, ಅದನ್ನು ದನಕರುಗಳಿಗೆ ಮೇವಾಗಿಸಿ, ಉಳಿದುದನ್ನು ಮಣ್ಣಿಗೆ ಸೇರಿಸಬಹುದು. ಮುಚ್ಚಿಹೋದ ಬಸಿಗಾಲುವೆಗಳನ್ನು ಊರವರು ಕೂಡಿ ತೆರೆಯಬಹುದು. ಮಸ್ಕಿ, ಲಿಂಗಸುಗೂರುಗಳ ಒಣ ಹೊಲಗಳಲ್ಲಿ ಬದು ಕಟ್ಟಿ, ಕೃಷಿಹೊಂಡ ತೋಡಿ, ಬೇವು ಹುಣಸೆಗಳನ್ನು ಬೆಳೆಸಿದರೆ ಬಿದ್ದ ಮಳೆ ಅಲ್ಲಿಯೇ ಇಂಗುತ್ತದೆ. ನೀರು ಬಳಕೆದಾರರ ಸಹಕಾರ ಸಂಘದ ಸಭೆಗೆ ನಮ್ಮ ಮನೆಗಳವರು ತಪ್ಪದೆ ಹೋಗಿ, ಸರದಿಯನ್ನು ಮುರಿಯದೆ, ಮುರಿಯುವವರೊಡನೆ ಸೌಮ್ಯವಾಗಿ ಮಾತನಾಡಿದರೆ ಅದೂ ಒಂದು ಸಾಕ್ಷಿಯೇ. ಚರ್ಚಿನ ಮತ್ತು ಶಾಲೆಯ ಮಾಳಿಗೆಯ ಮಳೆನೀರನ್ನು ಹಿಡಿದಿಡುವುದು ಧರ್ಮಕೇಂದ್ರಗಳಿಗೆ ಅಸಾಧ್ಯವಾದ ಕೆಲಸವಲ್ಲ.

ತಾಯಂದಿರಿಗೆ ಒಂದು ಮಾತು. ಮದುವೆಯ ಊಟದಲ್ಲಿ ಎಲೆಯ ಮೇಲೆ ಬಿಟ್ಟೇಳುವ ಒಂದೊಂದು ಹಿಡಿ ಅನ್ನವೂ ಕಾಲುವೆಯ ಕೊನೆಯವರೆಗೆ ಹೋಗಬಹುದಾಗಿದ್ದ ನೀರೇ. ಮಕ್ಕಳಿಗೆ ಇದನ್ನು ತಿಳಿಸಿರಿ. ವಾರದಲ್ಲಿ ಕೆಲವು ದಿನ ಜೋಳದ ರೊಟ್ಟಿ, ಸಜ್ಜೆ ರೊಟ್ಟಿಗಳು ತಟ್ಟೆಗೆ ಮರಳಿದರೆ ಒಣ ಬೇಸಾಯದ ರೈತನಿಗೆ ಅದೇ ದೊಡ್ಡ ಬೆಂಬಲ. ಮೊದಲ ಮನುಷ್ಯನನ್ನು ತೋಟದಲ್ಲಿ ಇರಿಸಿದ ದೇವರು ಉಳುವ ಕೆಲಸದ ಜೊತೆಗೆ ಕಾಯುವ ಕೆಲಸವನ್ನೂ ಒಪ್ಪಿಸಿದರೆಂದು ಆದಿಕಾಂಡ ಸಾರುತ್ತದೆ. ಉಳುವುದನ್ನು ನಾವು ಚೆನ್ನಾಗಿ ಕಲಿತೆವು, ಕಾಯುವುದನ್ನು ಕಲಿಯಬೇಕಾಗಿದೆ.

ಇಷ್ಟು ದೊಡ್ಡ ಸಂಕಟಕ್ಕೆ ನಮ್ಮಂಥ ಸಣ್ಣವರು ಮಾಡುವುದು ಏನಾದೀತು ಎಂದು ಕೇಳುವವರಿಗೆ ಮಸ್ಕಿಯ ಬಂಡೆಯೇ ಉತ್ತರ ಕೊಡುತ್ತದೆ. 1915ರಲ್ಲಿ ಬೆಳಕಿಗೆ ಬಂದ ಅಲ್ಲಿನ ಶಾಸನದಲ್ಲಿ ಅಶೋಕ ಚಕ್ರವರ್ತಿಯ ಹೆಸರು ಸ್ಪಷ್ಟವಾಗಿ ಕಂಡಿತೆಂದು ಶಾಲೆಯ ಮಕ್ಕಳೂ ಬಲ್ಲರು. ಅದು ಹೇಳುವ ವಿಷಯವನ್ನು ಬಲ್ಲವರು ಕಡಿಮೆ. ಧರ್ಮದ ಸಾಧನೆ ದೊಡ್ಡವರಿಗಷ್ಟೇ ಮೀಸಲಲ್ಲ, ಶ್ರದ್ಧೆಯಿಂದ ನಡೆದರೆ ಸಣ್ಣವರಿಗೂ ಅದು ಸಾಧ್ಯ ಎಂಬುದು ಅದರ ಸಾರ. ಎರಡು ಸಾವಿರ ವರ್ಷಗಳಿಗೂ ಹಿಂದೆ ಈ ನೆಲದ ಸಾಮಾನ್ಯ ಜನರನ್ನು ನಂಬಿ ಕೆತ್ತಿಸಿದ ಮಾತು ಅದು. ಮುಂದಿನ ಸರದಿಯಲ್ಲಿ ನಮ್ಮ ತೂಬನ್ನು ಹೊತ್ತಿಗೆ ಸರಿಯಾಗಿ ಮುಚ್ಚುವಾಗ, ಕೆಳಗೆ ಕಾದಿರುವ ಒಬ್ಬ ನೆರೆಯವನನ್ನು ನೆನೆಯೋಣ. ನಮ್ಮ ಪರಿಸರ ಸಂರಕ್ಷಣೆ ಅಲ್ಲಿಂದ ಮೊದಲಾಗಲಿ.